ಪ್ರಾಗ್‌ನ ಯಹೂದಿ ಕೇರಿ: ಮೆಟ್ಟಿಲು ಇಳಿದು, ದಿಬ್ಬ ಹತ್ತಿ

(ಯುರೋಪ್ ಪ್ರವಾಸಕ್ಕೆ ಹೊರಡುವವರಿಗಾಗಿ ನೀಡಿದ ಉಪನ್ಯಾಸದ ಬರಹ ರೂಪ. ಕೊನೆಯಲ್ಲಿ ಸಭಿಕರ ಕೆಲವು ಪ್ರಶ್ನೆಗಳಿಗೆ ಕೊಟ್ಟ ಉತ್ತರಗಳೂ ಇವೆ.)

ಪ್ರಾಗ್‌ಗೆ ಹೋಗುವ ನಮ್ಮ ಪ್ರವಾಸಿಗಳ ದಿನಚರಿ ಹೆಚ್ಚುಕಡಿಮೆ ಒಂದೇ. ಬೆಳಿಗ್ಗೆ ಕೋಟೆ, ಮಧ್ಯಾಹ್ನ ಚಾರ್ಲ್ಸ್ ಸೇತುವೆ, ಗಂಟೆಗೊಮ್ಮೆ ಗೊಂಬೆಗಳು ಮುಖ ತೋರಿಸುವ ಖಗೋಳ ಗಡಿಯಾರ, ಸಂಜೆಗೆ ಬಸ್ಸು. ಆ ಗಡಿಯಾರದಿಂದ ಉತ್ತರಕ್ಕೆ ಐದಾರು ನಿಮಿಷ ನಡೆದರೆ ಯೋಸೆಫೊವ್ ಸಿಗುತ್ತದೆ. ಅದು ಹಳೆಯ ಯಹೂದಿ ಕೇರಿ. ಅಲ್ಲಿಗೆ ಹೋದ ಬಹಳಷ್ಟು ಮಂದಿ ಕೇಳುವ ಮೊದಲ ಪ್ರಶ್ನೆ: "ಕೇರಿ ಎಲ್ಲಿದೆ?" ಕಣ್ಣಿಗೆ ಬೀಳುವುದು ಅಗಲವಾದ ಪಾರ್ಝೀಷ್‌ಸ್ಕಾ ರಸ್ತೆ, ಇಕ್ಕೆಲದಲ್ಲಿ ಅಲಂಕಾರ ತುಂಬಿದ ನಾಲ್ಕೈದು ಮಹಡಿಯ ಮನೆಗಳು, ಕೆಳಗೆ ಕೈಚೀಲ ಮತ್ತು ಕೈಗಡಿಯಾರದ ದುಬಾರಿ ಅಂಗಡಿಗಳು. ಇಕ್ಕಟ್ಟಾದ ಗಲ್ಲಿಗಳನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಬಂದವರಿಗೆ ನಿರಾಸೆಯಾಗುವುದು ಸಹಜ.

ಆ ಗಲ್ಲಿಗಳನ್ನು ಕೆಡವಿದವರು ನಾಜಿಗಳಲ್ಲ, ನಗರಸಭೆಯವರು. ನೈರ್ಮಲ್ಯದ ಕಾರಣ ಕೊಟ್ಟು 1893ರಲ್ಲಿ ಒಂದು ಕಾನೂನು ಬಂತು. 1896ರಿಂದ ಮನೆಗಳನ್ನು ಸಾಲು ಸಾಲಾಗಿ ಕೆಡವಿದರು. ಅನುಕೂಲಸ್ಥ ಯಹೂದಿಗಳು ಅಷ್ಟರೊಳಗೆ ಬೇರೆ ಬಡಾವಣೆಗಳಿಗೆ ಹೋಗಿಯಾಗಿತ್ತು. ಕೇರಿಯಲ್ಲಿ ಉಳಿದಿದ್ದವರಲ್ಲಿ ಹೆಚ್ಚಿನವರು ಬೇರೆ ಬೇರೆ ಧರ್ಮದ ಬಡವರು. ಕೆಡವಿದ ಮೇಲೆ ಉಳಿದದ್ದು ಆರು ಸಿನಗಾಗ್ (ಯಹೂದಿಗಳ ಪ್ರಾರ್ಥನಾ ಮಂದಿರ), ಒಂದು ಪುರಭವನ, ಒಂದು ಸ್ಮಶಾನ, ಇಷ್ಟೇ. ಜೊತೆಗೆ ಇನ್ನೊಂದು ಕೆಲಸವೂ ನಡೆಯಿತು. ಪಕ್ಕದ ವ್ಲತಾವಾ ನದಿಯ ಪ್ರವಾಹ ಒಳನುಗ್ಗದಿರಲೆಂದು ಹೊಸ ರಸ್ತೆಗಳನ್ನು ಮಣ್ಣು ತುಂಬಿ ಎತ್ತರಿಸಿದರು.

ಇವತ್ತು ಹೇಳಬೇಕಾದ ಮುಖ್ಯ ಮಾತು ಈ ಎತ್ತರದ್ದೇ. ಯೋಸೆಫೊವ್‌ನಲ್ಲಿ ಇತಿಹಾಸವನ್ನು ಗೋಡೆಯ ಮೇಲೆ ಹುಡುಕುವುದಕ್ಕೆ ಮೊದಲು ನೆಲದ ಮಟ್ಟದಲ್ಲಿ ಹುಡುಕಿ. ಬೀದಿಯಿಂದ ಮೆಟ್ಟಿಲು ಇಳಿಯಬೇಕಾಗಿ ಬಂದರೆ ನೀವು ಹಳೆಯ ಕೇರಿಯ ನೆಲಕ್ಕೆ ಬಂದಿದ್ದೀರಿ. ಬೀದಿಗಿಂತ ಎತ್ತರದ ದಿಬ್ಬ ಕಂಡರೆ ಅದು ಸ್ಮಶಾನ. ಅದು ಏರಿದ ಕಾರಣ ಬೇರೆ, ಅದಕ್ಕೆ ಆಮೇಲೆ ಬರೋಣ. ಸಮತಟ್ಟಾಗಿ ಒಳಹೋದರೆ ಬಹುಶಃ 1900ರ ಆಸುಪಾಸಿನ ಕಟ್ಟಡ. ಮಾರ್ಗದರ್ಶಿ ಹೇಳುವ ಇಸವಿಗಳು ಮರೆತುಹೋದರೂ ಈ ಏರು-ತಗ್ಗು ನೆನಪಿನಲ್ಲಿ ಉಳಿಯುತ್ತದೆ.

ಮೊದಲು ದಿನ ಯಾವುದು ಎಂದು ನೋಡಿಕೊಳ್ಳಬೇಕು. ನಮ್ಮ ಪ್ರವಾಸಗಳು ಹಳಿ ತಪ್ಪುವುದು ಇಲ್ಲೇ. ಶನಿವಾರ ಯಹೂದಿಗಳ ವಿಶ್ರಾಂತಿ ದಿನ. ಯಹೂದಿ ವಸ್ತುಸಂಗ್ರಹಾಲಯದ ಎಲ್ಲ ಕಟ್ಟಡಗಳೂ, ಸ್ಮಶಾನವೂ ಅಂದು ಮುಚ್ಚಿರುತ್ತವೆ. ಪ್ಯಾಕೇಜ್ ಪ್ರವಾಸದಲ್ಲಿ ಪ್ರಾಗ್‌ನ ಒಂದೇ ದಿನ ಶನಿವಾರಕ್ಕೆ ಬಿತ್ತೆಂದರೆ ಬೀಗ ಹಾಕಿದ ಬಾಗಿಲುಗಳ ಮುಂದೆ ಫೋಟೊ ತೆಗೆಸಿಕೊಂಡು ಬರುವುದೊಂದೇ ಉಳಿಯುವುದು. ಹಬ್ಬಗಳಂದೂ ರಜೆ. ಯಹೂದಿ ಪಂಚಾಂಗ ನಮ್ಮ ಚಾಂದ್ರಮಾನದ ಹಾಗೆಯೇ: ತಿಂಗಳಿಗೆ ಚಂದ್ರ, ವರ್ಷಕ್ಕೆ ಸೂರ್ಯ, ಎರಡನ್ನೂ ಹೊಂದಿಸಲು 19 ವರ್ಷಗಳಲ್ಲಿ 7 ಅಧಿಕ ಮಾಸ. ಆದ್ದರಿಂದ ಕಳೆದ ವರ್ಷದ ರಜೆಯ ತಾರೀಕು ಈ ವರ್ಷಕ್ಕೆ ಉಪಯೋಗಕ್ಕೆ ಬಾರದು. ಮಾರ್ಚ್-ಏಪ್ರಿಲ್‌ನಲ್ಲಿ ಪಾಸ್ಓವರ್, ಸೆಪ್ಟೆಂಬರ್-ಅಕ್ಟೋಬರ್‌ನಲ್ಲಿ ಹೊಸ ವರ್ಷ, ಪ್ರಾಯಶ್ಚಿತ್ತ ದಿನ, ಸುಕ್ಕೋತ್ ಒಂದರ ಹಿಂದೆ ಒಂದು ಬರುತ್ತವೆ. ದಸರಾ ರಜೆಯಲ್ಲಿ ಹೋಗುವವರು ಇದನ್ನು ನೋಡಿಕೊಂಡೇ ವಿಮಾನದ ಟಿಕೆಟ್ ತೆಗೆಯುವುದು ಒಳ್ಳೆಯದು.

ಮಾರ್ಗದರ್ಶಿಯನ್ನು ಗೊತ್ತುಮಾಡುವ ಮೊದಲು ಮೂರು ವಿಷಯ ಕೇಳಿ. ಪ್ರವೇಶದ ಟಿಕೆಟ್ ಶುಲ್ಕದಲ್ಲಿ ಸೇರಿದೆಯೇ? ನೀವು ನಮ್ಮ ಜೊತೆ ಒಳಗೆ ಬರುತ್ತೀರೋ, ಬಾಗಿಲಲ್ಲೇ ಬಿಡುತ್ತೀರೋ? ಹಳೆ-ಹೊಸ ಸಿನಗಾಗ್ ಇದರಲ್ಲಿ ಇದೆಯೇ? ಮೂರನೆಯದಕ್ಕೆ ಕಾರಣವಿದೆ. ಪಿಂಕಾಸ್, ಮೈಸೆಲ್, ಕ್ಲೌಸೆನ್, ಸ್ಪ್ಯಾನಿಷ್ ಸಿನಗಾಗ್‌ಗಳು ಮತ್ತು ಸ್ಮಶಾನ ವಸ್ತುಸಂಗ್ರಹಾಲಯದ ವಶದಲ್ಲಿವೆ. ಹಳೆ-ಹೊಸ ಸಿನಗಾಗ್ ಮಾತ್ರ ಪ್ರಾಗ್‌ನ ಯಹೂದಿ ಸಮುದಾಯದ್ದು, ಅಲ್ಲಿ ಇಂದಿಗೂ ಪ್ರಾರ್ಥನೆ ನಡೆಯುತ್ತದೆ. ಎರಡೂ ಸೇರಿದ ಟಿಕೆಟ್ ಕೇಳಿ ಪಡೆಯದಿದ್ದರೆ ನಾಲ್ಕು ಕಡೆ ಸುತ್ತಿ ಅತಿ ಮುಖ್ಯವಾದ ಐದನೆಯದರ ಬಾಗಿಲಲ್ಲಿ ವಾಪಸು ಬರಬೇಕಾಗುತ್ತದೆ. "ಉಚಿತ ನಡಿಗೆ" ಎಂದು ಕೊಡೆ ಹಿಡಿದು ನಿಲ್ಲುವವರು ಹೊರಗಿನಿಂದಷ್ಟೇ ತೋರಿಸುತ್ತಾರೆ, ಕೊನೆಯಲ್ಲಿ ಭಕ್ಷೀಸು ಕೇಳುತ್ತಾರೆ. ಅದರಲ್ಲಿ ತಪ್ಪೇನಿಲ್ಲ, ಆದರೆ ಈ ಕೇರಿಯ ಸತ್ವ ಇರುವುದು ಒಳಗೆ.

ಟಿಕೆಟ್‌ಗೆ ಅತಿ ಉದ್ದದ ಸಾಲು ಇರುವುದು ಪಿಂಕಾಸ್ ಬಾಗಿಲಲ್ಲಿ. ಆನ್‌ಲೈನಿನಲ್ಲಿ ಮೊದಲೇ ತೆಗೆಯಿರಿ, ಇಲ್ಲವೇ ಮೈಸೆಲೊವಾ ರಸ್ತೆಯ ಮಾಹಿತಿ ಕೇಂದ್ರದಲ್ಲಿ ಕೊಳ್ಳಿ. ಯಾವುದಾದರೊಂದು ಕಟ್ಟಡ ದುರಸ್ತಿಯಲ್ಲಿರುವುದು ಅಲ್ಲಿ ಮಾಮೂಲು, ಹಣ ಕೊಡುವ ಮೊದಲು ವಿಚಾರಿಸಿ. ಮೆಟ್ರೊದ ಎ ಮಾರ್ಗದಲ್ಲಿ ಸ್ತಾರೊಮೆಸ್ತ್‌ಸ್ಕಾ ನಿಲ್ದಾಣದಲ್ಲಿ ಇಳಿದರೆ ಪಿಂಕಾಸ್ ಎರಡು ಮೂರು ನಿಮಿಷದ ದಾರಿ. ಇಡೀ ಕೇರಿ ಅರ್ಧ ಕಿಲೋಮೀಟರಿನೊಳಗೆ ಮುಗಿಯುತ್ತದೆ, ನಡಿಗೆಯ ಶ್ರಮ ಕಡಿಮೆ. ನಿಲ್ಲುವ ಶ್ರಮವೇ ಹೆಚ್ಚು. ಎರಡೂವರೆ ಗಂಟೆಯ ಮಾರ್ಗದರ್ಶನ, ಆಮೇಲೆ ನಿಮ್ಮಷ್ಟಕ್ಕೆ ಒಂದೂವರೆ ಗಂಟೆ ಇಟ್ಟುಕೊಳ್ಳಿ. ನೆಲವೆಲ್ಲ ಸಣ್ಣ ಕಲ್ಲಿನ ಹಾಸು, ಮೆತ್ತನೆಯ ಅಟ್ಟೆಯ ಶೂ ಬೇಕು.

ಶೂ ಎಂದಾಗ ಒಂದು ಮಾತು. ದೇವರ ಸನ್ನಿಧಿ ಎಂದು ನಮ್ಮವರು ಬಾಗಿಲಲ್ಲೇ ಚಪ್ಪಲಿ ಬಿಡಲು ಬಗ್ಗುತ್ತಾರೆ. ಸಿನಗಾಗ್‌ನಲ್ಲಿ ಚಪ್ಪಲಿ ಬಿಡಬೇಕಿಲ್ಲ. ಗಂಡಸರು ತಲೆ ಮುಚ್ಚಿಕೊಳ್ಳಬೇಕು. ಸ್ಮಶಾನದಲ್ಲೂ ಹಾಗೆಯೇ. ನಿಮ್ಮದೇ ಟೋಪಿ ಆದೀತು.

ಬೆಳಿಗ್ಗೆ ಒಂಬತ್ತಕ್ಕೆ ಬಾಗಿಲು ತೆರೆಯುತ್ತದೆ. ಆ ಹೊತ್ತಿಗೆ ಶಿರೊಕಾ ರಸ್ತೆಯಲ್ಲಿರುವ ಪಿಂಕಾಸ್ ಮುಂದೆ ಇರಿ. ಇತಿಹಾಸದ ಕ್ರಮ ಬೇಕೆಂದು ಕೆಲವು ಮಾರ್ಗದರ್ಶಿಗಳು 13ನೇ ಶತಮಾನದ ಹಳೆ-ಹೊಸ ಸಿನಗಾಗ್‌ನಿಂದ ಹೊರಡುತ್ತಾರೆ. ಕೇಳಲು ಸರಿ, ನಡೆಯಲು ತೊಡಕು. ಸ್ಮಶಾನಕ್ಕೆ ಪ್ರವಾಸಿಗಳು ಹೋಗುವ ದಾರಿ ಪಿಂಕಾಸ್ ಮೂಲಕವೇ. ಹತ್ತೂವರೆಯ ಮೇಲೆ ದೊಡ್ಡ ಗುಂಪುಗಳು ಬಂದರೆ ಒಳಗಿನ ಕಿರಿದಾದ ದಾರಿಯಲ್ಲಿ ಹಿಂದಿನವರು ತಳ್ಳುತ್ತಿರುತ್ತಾರೆ, ಒಂದು ಹೆಸರನ್ನೂ ನಿಂತು ಓದಲು ಆಗುವುದಿಲ್ಲ.

ಪಿಂಕಾಸ್‌ಗೆ ಮೆಟ್ಟಿಲು ಇಳಿಯಿರಿ. ಆರೋನ್ ಮೆಶುಲಾಮ್ ಹೋರೊವಿತ್ಸ್ ಎಂಬ ಶ್ರೀಮಂತ 1535ರಲ್ಲಿ ಕಟ್ಟಿಸಿದ ಮನೆತನದ ಸಿನಗಾಗ್ ಇದು. ಈಗ ಇದರ ಗೋಡೆಗಳೇ ಸ್ಮಾರಕ. ಬೊಹೆಮಿಯಾ ಮತ್ತು ಮೊರಾವಿಯಾ ಪ್ರಾಂತ್ಯಗಳಿಂದ ನಾಜಿಗಳು ಸಾಗಿಸಿ ಕೊಂದ ಸುಮಾರು 78,000 ಯಹೂದಿಗಳ ಹೆಸರುಗಳನ್ನು ಗೋಡೆಯ ಮೇಲೆ ಕೈಯಲ್ಲೇ ಬರೆದಿದ್ದಾರೆ. ಓದುವ ಕ್ರಮ ಗೊತ್ತಿದ್ದರೆ ಗೋಡೆ ಮಾತಾಡುತ್ತದೆ, ಇಲ್ಲದಿದ್ದರೆ ಅದು ಬರೀ ಚಿತ್ತಾರ. ಹೆಸರುಗಳನ್ನು ಊರಿನ ಪ್ರಕಾರ ವಿಂಗಡಿಸಿದ್ದಾರೆ. ಊರಿನೊಳಗೆ ಮನೆತನದ ಹೆಸರು ಕೆಂಪಿನಲ್ಲಿ, ಅದರ ಮುಂದೆ ಆ ಮನೆಯ ಒಬ್ಬೊಬ್ಬರ ಹೆಸರು, ಹುಟ್ಟಿದ ದಿನ, ನಂತರ ಇನ್ನೊಂದು ತಾರೀಕು. ಈ ಎರಡನೆಯ ತಾರೀಕನ್ನು ಸತ್ತ ದಿನವೆಂದು ಸಾರಾಸಗಟಾಗಿ ಓದುವುದು ತಪ್ಪು. ಸಾವಿನ ದಿನ ತಿಳಿಯದ ಕಡೆ, ಅಂದರೆ ಬಹುಪಾಲು ಹೆಸರುಗಳಿಗೆ, ಅದು ಕೊನೆಯ ಸಾಗಣೆಯ ರೈಲು ಹೊರಟ ದಿನ. ಆದ್ದರಿಂದಲೇ ಒಂದೇ ತಾರೀಕು ಸಾಲು ಸಾಲಾಗಿ ಮರುಕಳಿಸುತ್ತದೆ. ಹುಟ್ಟಿದ ಇಸವಿ 1938, 1940 ಎಂದಿರುವ ಹೆಸರುಗಳನ್ನು ಹುಡುಕಬೇಕಿಲ್ಲ, ಅವಾಗಿಯೇ ಎದುರಾಗುತ್ತವೆ.

ಈ ಬರಹಕ್ಕೆ ಒದಗಿದ ಗತಿಯನ್ನು ಮಾರ್ಗದರ್ಶಿಗಳು ಎರಡು ವಾಕ್ಯದಲ್ಲಿ ಮುಗಿಸುತ್ತಾರೆ, ಅದು ಇನ್ನೂ ಹೆಚ್ಚು ಹೇಳಬೇಕಾದ ವಿಷಯ. ವಾತ್ಸ್ಲಾವ್ ಬೊಶ್ತೀಕ್, ಯಿರ್ಝಿ ಜಾನ್ ಎಂಬ ಇಬ್ಬರು ಕಲಾವಿದರ ಕಲ್ಪನೆಯಂತೆ 1954ರಿಂದ 1959ರವರೆಗೆ ಮೊದಲ ಬಾರಿ ಬರೆದರು. ಕಟ್ಟಡ ತಗ್ಗಿನಲ್ಲಿ, ನದಿ ಹತ್ತಿರದಲ್ಲಿ. ಅಂತರ್ಜಲ ಗೋಡೆಗೆ ಏರಿತು. 1968ರಲ್ಲಿ ಮುಚ್ಚಿದರು. ದುರಸ್ತಿಯ ಹೆಸರಿನಲ್ಲಿ ಕಮ್ಯುನಿಸ್ಟ್ ಆಡಳಿತ ಎರಡು ದಶಕಕ್ಕೂ ಹೆಚ್ಚು ಕಾಲ ಬಾಗಿಲು ತೆರೆಯಲಿಲ್ಲ. ಅಷ್ಟರಲ್ಲಿ ಗೋಡೆಯ ಹೆಸರುಗಳೂ ಹೋದವು. ಆಡಳಿತ ಬದಲಾದ ಮೇಲೆ 1992ರಿಂದ 1996ರವರೆಗೆ ಎಲ್ಲವನ್ನೂ ಮೊದಲಿನಿಂದ ಬರೆದರು. 2002ರ ಆಗಸ್ಟ್‌ನ ಮಹಾ ಪ್ರವಾಹದಲ್ಲಿ ನೀರು ಮತ್ತೆ ಒಳಬಂದು ಕೆಳಗಿನ ಸಾಲುಗಳನ್ನು ಹಾಳುಮಾಡಿತು, ಅವನ್ನು ಮತ್ತೊಮ್ಮೆ ಬರೆಯಬೇಕಾಯಿತು. ತಗ್ಗಿನ ನೆಲ ಎಂದರೆ ಏನು ಎಂಬುದು ಇಲ್ಲಿ ಅರ್ಥವಾಗುತ್ತದೆ.

ಮೇಲಿನ ಮಹಡಿಯಲ್ಲಿ, ನಾಜಿಗಳು ಯಹೂದಿಗಳನ್ನು ಕೂಡಿಹಾಕಿದ್ದ ತೆರೆಝೀನ್ ಘೆಟ್ಟೊದ ಮಕ್ಕಳು ಬಿಡಿಸಿದ ಚಿತ್ರಗಳಿವೆ. ಫ್ರೀಡ್ಲ್ ಡಿಕರ್-ಬ್ರಾಂಡೈಸ್ ಎಂಬ ಕಲಾವಿದೆ ಅಲ್ಲಿ ಗುಟ್ಟಾಗಿ ಚಿತ್ರಕಲೆ ಕಲಿಸುತ್ತಿದ್ದರು. 1944ರ ಅಕ್ಟೋಬರಿನಲ್ಲಿ ಅವರನ್ನು ಔಷ್ವಿಟ್ಸ್ ಸಾವಿನ ಶಿಬಿರಕ್ಕೆ ಸಾಗಿಸಿ ಕೊಂದರು. ಹೊರಡುವ ಮುಂಚೆ ಎರಡು ಪೆಟ್ಟಿಗೆಗಳಲ್ಲಿ ತುಂಬಿ ಅಡಗಿಸಿಟ್ಟ ಸುಮಾರು 4,500 ಚಿತ್ರಗಳು ಉಳಿದವು. ಮಕ್ಕಳು ಚಿತ್ರದ ಮೇಲೆ ತಮ್ಮ ಹೆಸರು ಬರೆಯಬೇಕೆಂಬುದು ಅವರ ಪಾಠದ ನಿಯಮವಾಗಿತ್ತು. ಆದ್ದರಿಂದಲೇ ಇವತ್ತು ಯಾವ ಚಿತ್ರ ಯಾರದೆಂದು ಹೇಳಲು ಸಾಧ್ಯವಾಗಿದೆ. ಸಣ್ಣ ಮಕ್ಕಳೊಂದಿಗೆ ಹೋಗುವವರು ಈ ಮಹಡಿಗೆ ಹೋಗಬೇಕೋ ಬೇಡವೋ ಎಂದು ಮೊದಲೇ ಯೋಚಿಸಿಕೊಳ್ಳಿ.

ಪಿಂಕಾಸ್‌ನಿಂದ ಹೊರಬಂದರೆ ಏರು. ಇದೇ ಹಳೆಯ ಸ್ಮಶಾನ, 15ನೇ ಶತಮಾನದ ಮೊದಲ ಭಾಗದಿಂದ 1787ರವರೆಗೆ ಬಳಕೆಯಲ್ಲಿತ್ತು. ಜಾಗ ಸಾಲದು, ಹೊಸ ಜಾಗ ಸಿಕ್ಕದು, ಹೂತವರನ್ನು ಅಗೆಯಲು ಧರ್ಮ ಒಪ್ಪದು. ಉಳಿದ ದಾರಿ ಒಂದೇ: ಹೊರಗಿನಿಂದ ಮಣ್ಣು ತಂದು ಹಳೆಯ ಗೋರಿಗಳ ಮೇಲೆ ಹರಡಿ, ಅದರ ಮೇಲೆ ಹೊಸ ಗೋರಿ. ಹಾಗೆ ಮಾಡುವಾಗ ಕೆಳಗಿನ ಗೋರಿಯ ಕಲ್ಲನ್ನೂ ಮೇಲಕ್ಕೆ ಎತ್ತಿ ನಿಲ್ಲಿಸಿದರು. ಕೆಲವೆಡೆ ಹನ್ನೆರಡು ಪದರಗಳವರೆಗೆ ಇವೆ ಎನ್ನುತ್ತಾರೆ. ಇಂದು ಕಾಣುವ ಸುಮಾರು 12,000 ಕಲ್ಲುಗಳು ಒಂದಕ್ಕೊಂದು ಒರಗಿ ನಿಂತಿರುವುದು ಇದರಿಂದ. ನಾಲ್ಕೈದು ತಲೆಮಾರಿನ ಕಲ್ಲುಗಳು ಒಂದೇ ಮಟ್ಟಕ್ಕೆ ಬಂದಿವೆ. ಹೂತವರ ಸಂಖ್ಯೆ ಕಲ್ಲುಗಳಿಗಿಂತ ಎಷ್ಟೋ ಪಾಲು ಹೆಚ್ಚು. ನಗರದೊಳಗೆ ಹೂಳಬಾರದೆಂಬ ಚಕ್ರವರ್ತಿ ಎರಡನೇ ಜೋಸೆಫನ ಆಜ್ಞೆಯಿಂದ ಇದು ನಿಂತಿತು. ಕೇರಿಗೆ ಯೋಸೆಫೊವ್ ಎಂಬ ಹೆಸರು ಬಂದದ್ದೂ ಅವನಿಂದಲೇ, ಯಹೂದಿಗಳ ಮೇಲಿನ ಹಲವು ನಿರ್ಬಂಧಗಳನ್ನು ಸಡಿಲಿಸಿದ ಕೃತಜ್ಞತೆಗೆ.

ಹೀಬ್ರೂ ಬಾರದಿದ್ದರೂ ಕಲ್ಲಿನ ಮೇಲೆ ಎರಡು ವಿಷಯ ಓದಬಹುದು. ಮೊದಲನೆಯದು ಚಿಹ್ನೆ. ಹರಸುವ ಭಂಗಿಯಲ್ಲಿ ಎರಡು ಕೈ ಇದ್ದರೆ ಪುರೋಹಿತ ವಂಶದ ಕೊಹೆನ್. ಹೂಜಿ ಇದ್ದರೆ ಪುರೋಹಿತರ ಕೈ ತೊಳೆಸುವ ಲೇವಿ ವಂಶ. ಪ್ರಾಣಿಗಳು ಸಾಮಾನ್ಯವಾಗಿ ಹೆಸರಿನ ಸೂಚನೆ: ಸಿಂಹ ಎಂದರೆ ಯೆಹೂದಾ ಅಥವಾ ಲೋವ್, ಜಿಂಕೆ ಎಂದರೆ ಹಿರ್ಷ್. 1613ರಲ್ಲಿ ತೀರಿಕೊಂಡ ಡೇವಿಡ್ ಗಾನ್ಸ್‌ನ ಕಲ್ಲಿನ ಮೇಲೆ ಬಾತುಕೋಳಿ ಜಾತಿಯ ಹೆಬ್ಬಾತು ಇದೆ. ಜರ್ಮನ್‌ನಲ್ಲಿ ಗಾನ್ಸ್ ಎಂದರೆ ಅದೇ. ಚರಿತ್ರೆಕಾರನೂ ಖಗೋಳಜ್ಞನೂ ಆಗಿದ್ದ ಈತ ಪ್ರಾಗ್‌ನಲ್ಲಿ ಟೈಕೊ ಬ್ರಾಹೆ, ಕೆಪ್ಲರ್ ಅವರ ಒಡನಾಟದಲ್ಲಿದ್ದವನು. ಕತ್ತರಿ ಕಂಡರೆ ದರ್ಜಿ.

ಎರಡನೆಯದು ಇಸವಿ, ಇದಕ್ಕೆ ಒಂದು ಸಣ್ಣ ಲೆಕ್ಕ ಸಾಕು. ಹೀಬ್ರೂನಲ್ಲಿ ಅಕ್ಷರಗಳೇ ಅಂಕಿ: ಮೊದಲ ಒಂಬತ್ತು ಅಕ್ಷರ 1ರಿಂದ 9, ಮುಂದಿನವು 10ರಿಂದ 90, ಕೊನೆಯ ನಾಲ್ಕು 100, 200, 300, 400. ಗೋರಿಯ ಕಲ್ಲಿನಲ್ಲಿ ಸಾಮಾನ್ಯವಾಗಿ ಸಾವಿರದ ಸ್ಥಾನವನ್ನು ಬಿಟ್ಟು ಬರೆಯುತ್ತಾರೆ. ಹಾಗೆ ಬಿಟ್ಟಿದ್ದೇವೆ ಎಂದು ಹೇಳುವ ಲಾಮೆದ್-ಪೇ-ಕೋಫ್ ಎಂಬ ಮೂರಕ್ಷರದ ಸಂಕ್ಷೇಪ ಪಕ್ಕದಲ್ಲಿ ಇರುತ್ತದೆ. ಬಲದಿಂದ ಎಡಕ್ಕೆ ಓದಿ ಅಕ್ಷರಗಳ ಬೆಲೆ ಕೂಡಿ, ಬಂದದ್ದಕ್ಕೆ 1240 ಸೇರಿಸಿದರೆ ನಮ್ಮ ಇಸವಿ. ಉದಾಹರಣೆಗೆ ಇಲ್ಲಿನ ಹೆಸರಾಂತ ಧರ್ಮಗುರು ರಬ್ಬಿ ಲೋವ್ ತೀರಿಕೊಂಡದ್ದು ಯಹೂದಿ ವರ್ಷ 5369ರಲ್ಲಿ. ಸಾವಿರ ಬಿಟ್ಟರೆ 369: ಶಿನ್ 300, ಸಾಮೆಖ್ 60, ತೆತ್ 9. ಅದಕ್ಕೆ 1240 ಕೂಡಿಸಿ, 1609. ಇಲ್ಲಿನ ಅತಿ ಹಳೆಯ ಕಲ್ಲು ಕವಿ, ವಿದ್ವಾಂಸ ಅವಿಗ್ದೋರ್ ಕಾರಾ ಅವರದು, 199ಕ್ಕೆ 1240 ಸೇರಿಸಿದರೆ 1439. ಯಹೂದಿ ವರ್ಷ ಶರತ್ಕಾಲದಲ್ಲಿ ಹುಟ್ಟುವುದರಿಂದ ಅಲ್ಲಿಂದ ಡಿಸೆಂಬರ್ ಕೊನೆಯವರೆಗಿನ ಸಾವುಗಳಿಗೆ ಮಾತ್ರ 1239 ಸೇರಿಸಬೇಕು. ಹೀಬ್ರೂ ಅಕ್ಷರಗಳ ಬೆಲೆಪಟ್ಟಿಯೊಂದನ್ನು ಫೋನಿನಲ್ಲಿ ಇಟ್ಟುಕೊಂಡು ಹೋಗಿ. ಪ್ರವಾಸಿಗಳ ದಾರಿಯನ್ನು ಹಗ್ಗ ಕಟ್ಟಿ ಗುರುತಿಸಿರುವುದರಿಂದ ಹೆಚ್ಚಿನ ಕಲ್ಲುಗಳ ಹತ್ತಿರ ಹೋಗಲಾಗದು, ಕ್ಯಾಮೆರಾದ ಜೂಮ್ ಬೇಕಾಗುತ್ತದೆ. ಹಳೆಯ ಮರಳುಗಲ್ಲಿನ ಅಕ್ಷರಗಳು ಉದುರಿವೆ; ಅಭ್ಯಾಸಕ್ಕೆ ಸ್ಲಿವೆನೆಟ್ಸ್‌ನ ಕೆಂಪು ಛಾಯೆಯ ಅಮೃತಶಿಲೆಯ ಕಲ್ಲುಗಳನ್ನು ಆರಿಸಿಕೊಳ್ಳಿ.

ರಬ್ಬಿ ಲೋವ್ ಗೋರಿಯ ಮೇಲೆ ಬೆಣಚುಕಲ್ಲುಗಳ ರಾಶಿ ಇರುತ್ತದೆ. ಹೂವಿನ ಬದಲು ಕಲ್ಲಿಡುವುದು ಅಲ್ಲಿಯ ಪದ್ಧತಿ. ನೀವೂ ಒಂದು ಇಡಬಹುದು, ಆದರೆ ಪಕ್ಕದ ಗೋರಿಯಿಂದ ಎತ್ತಿ ಇಡಬೇಡಿ, ಅಲ್ಲಿಂದ ನೆನಪಿಗೆಂದು ತರಲೂ ಬೇಡಿ.

ಹೊರಬೀಳುವ ಕಡೆ ಕ್ಲೌಸೆನ್ ಸಿನಗಾಗ್ ಮತ್ತು ಶವಸಂಸ್ಕಾರದ ಭವನ ಇವೆ. 1689ರ ಬೆಂಕಿ ಕೇರಿಯ ಬಹುಭಾಗವನ್ನು ಸುಟ್ಟ ಮೇಲೆ 1694ರಲ್ಲಿ ಕ್ಲೌಸೆನ್ ಎದ್ದಿತು. ಸಮಯ ಕಡಿಮೆಯಿದ್ದರೆ ಇವೆರಡನ್ನು ಬಿಟ್ಟರೆ ನಷ್ಟವಿಲ್ಲ. ಇದ್ದರೆ, 1564ರಲ್ಲಿ ಆರಂಭವಾದ ಶವಸಂಸ್ಕಾರ ಸಂಘದ ಸದಸ್ಯರು ರೋಗಿಯ ಹಾಸಿಗೆಯಿಂದ ಗೋರಿಯವರೆಗೆ ಮಾಡುತ್ತಿದ್ದ ಕೆಲಸಗಳನ್ನು ಒಂದೊಂದಾಗಿ ತೋರಿಸುವ 18ನೇ ಶತಮಾನದ ವರ್ಣಚಿತ್ರಗಳ ಸರಣಿಯನ್ನು ಕೇಳಿ ನೋಡಿ.

ಈಗ ಮತ್ತೆ ಇಳಿಯಬೇಕು. ಹಳೆ-ಹೊಸ ಸಿನಗಾಗ್ ಸುಮಾರು 1270ರದು. ಯುರೋಪಿನಲ್ಲಿ ಇಂದಿಗೂ ಪ್ರಾರ್ಥನೆ ನಡೆಯುತ್ತಿರುವ ಸಿನಗಾಗ್‌ಗಳಲ್ಲಿ ಅತಿ ಹಳೆಯದು. ಬೀದಿಯಿಂದ ಹಲವು ಮೆಟ್ಟಿಲು ಕೆಳಗೆ ನೆಲವಿದೆ. ಕಾರಣ ಒಂದಲ್ಲ. ರಸ್ತೆ ಕಾಲಕಾಲಕ್ಕೆ ಏರಿತು, ಅದು ಒಂದು. ಸುತ್ತಲಿನ ಚರ್ಚುಗಳಿಗಿಂತ ಎತ್ತರ ಕಟ್ಟುವ ಸ್ವಾತಂತ್ರ್ಯ ಇಲ್ಲದಾಗ ಒಳಗಿನ ಎತ್ತರಕ್ಕಾಗಿ ನೆಲವನ್ನೇ ತಗ್ಗಿಸುತ್ತಿದ್ದರು ಎನ್ನುವುದು ಇನ್ನೊಂದು. "ಆಳದಿಂದ ನಿನ್ನನ್ನು ಕರೆಯುತ್ತೇನೆ" ಎಂಬ 130ನೇ ಕೀರ್ತನೆಯ ಸಾಲನ್ನು ಭಕ್ತರು ಮೂರನೆಯ ಕಾರಣವಾಗಿ ಹೇಳುತ್ತಾರೆ.

ಒಳಗೆ ನಿಂತ ತಕ್ಷಣ ತಲೆಯೆತ್ತಿ. ನಡುವೆ ಎರಡು ಕಂಬ, ಅವು ಸಭಾಂಗಣವನ್ನು ಉದ್ದಕ್ಕೆ ಎರಡಾಗಿ ಸೀಳುತ್ತವೆ. ಅಕ್ಕಪಕ್ಕದ ಚರ್ಚುಗಳ ಗೋಥಿಕ್ ಛಾವಣಿಯಲ್ಲಿ ಒಂದೊಂದು ಅಂಕಣಕ್ಕೆ ನಾಲ್ಕು ಪಕ್ಕೆಗಳಿದ್ದರೆ ಇಲ್ಲಿ ಐದು. ಶಿಲುಬೆಯ ಆಕಾರ ಮೂಡದಿರಲೆಂದು ಐದನೆಯದನ್ನು ಸೇರಿಸಿದರು ಎಂದು ಪ್ರತಿಯೊಬ್ಬ ಮಾರ್ಗದರ್ಶಿಯೂ ಹೇಳುತ್ತಾನೆ. ಚೆಂದದ ಮಾತು, ಆದರೆ ಕಟ್ಟಿದವರು ಹಾಗೆಂದು ಬರೆದಿಟ್ಟಿಲ್ಲ, ವಾಸ್ತುತಜ್ಞರಲ್ಲಿ ಒಮ್ಮತವೂ ಇಲ್ಲ. ಎರಡು ಕಂಬಗಳ ನಡುವೆ ಕಬ್ಬಿಣದ ಜಾಲರಿಯೊಳಗೆ ಧರ್ಮಗ್ರಂಥ ಓದುವ ಕಟ್ಟೆ. ಮೇಲೆ ಕೆಂಪು ಧ್ವಜ: ನಾಲ್ಕನೇ ಚಾರ್ಲ್ಸ್ 14ನೇ ಶತಮಾನದಲ್ಲಿ ಯಹೂದಿಗಳಿಗೆ ಧ್ವಜ ಹಿಡಿಯುವ ಹಕ್ಕು ಕೊಟ್ಟ ನೆನಪು, ಈಗಿರುವ ಮಾದರಿ 1716ರದು. ಗೋಡೆಯಲ್ಲಿ ಕಾಣುವ ಕಿರಿದಾದ ಸೀಳುಗಳು ಕಿಟಕಿಗಳಲ್ಲ. ಹೆಂಗಸರಿಗೆ ಕೂರಲು ಪಕ್ಕದಲ್ಲಿ ಬೇರೆ ಕೋಣೆಗಳಿವೆ, ಪ್ರಾರ್ಥನೆ ಅವರಿಗೆ ಕೇಳಿಸುತ್ತಿದ್ದದ್ದು ಆ ಸೀಳುಗಳ ಮೂಲಕ.

1389ರ ಈಸ್ಟರ್ ಹೊತ್ತಿನಲ್ಲಿ ಕೇರಿಯ ಮೇಲೆ ದಾಳಿ ನಡೆದು ಹತ್ಯಾಕಾಂಡವಾಯಿತು, ಸಿನಗಾಗ್‌ನಲ್ಲಿ ಆಶ್ರಯ ಪಡೆದವರನ್ನೂ ಬಿಡಲಿಲ್ಲ. ಅದನ್ನು ಕಂಡು ಬದುಕುಳಿದವರೇ ಆಗಲೇ ಹೇಳಿದ ಅವಿಗ್ದೋರ್ ಕಾರಾ. ಅವರು ಬರೆದ ಶೋಕಗೀತೆಯನ್ನು ಪ್ರಾಗ್‌ನ ಯಹೂದಿಗಳು ಪ್ರಾಯಶ್ಚಿತ್ತ ದಿನದಂದು ಹೇಳುತ್ತ ಬಂದರು.

ಹೊರಬಂದು ಪೂರ್ವದ ಗೋಡೆಗೆ ಸುತ್ತಿ ಹೋಗಿ. ನೆಲದಿಂದ ಆಳೆತ್ತರಕ್ಕೂ ಮೇಲೆ ಶುರುವಾಗಿ ಅಟ್ಟದ ಬಾಗಿಲಿಗೆ ಏರುವ ಕಬ್ಬಿಣದ ಹಿಡಿಗಳು ಕಾಣುತ್ತವೆ. ಗೊಲೆಮ್ ಕಥೆ ಶುರುವಾಗುವುದು ಇಲ್ಲಿ: ರಬ್ಬಿ ಲೋವ್ ಜೇಡಿಮಣ್ಣಿನಿಂದ ಒಬ್ಬ ಕಾವಲಾಳನ್ನು ಮಾಡಿದರು, ಅವನು ಅಂಕೆ ಮೀರಿದಾಗ ಜೀವ ತೆಗೆದು ಈ ಅಟ್ಟದಲ್ಲಿ ಇಟ್ಟರು ಎಂದು. ರಬ್ಬಿ ನಿಜವಾದ ವ್ಯಕ್ತಿ, ಮಹಾ ವಿದ್ವಾಂಸ; 1592ರಲ್ಲಿ ಚಕ್ರವರ್ತಿ ಎರಡನೇ ರುಡಾಲ್ಫ್ ಅವರನ್ನು ಕರೆಸಿ ಮಾತಾಡಿದ್ದನ್ನು ಡೇವಿಡ್ ಗಾನ್ಸ್ ದಾಖಲಿಸಿದ್ದಾನೆ. ಆದರೆ ಅವರ ಕಾಲದ ಯಾವ ಬರಹದಲ್ಲೂ ಗೊಲೆಮ್ ಇಲ್ಲ. ಕಥೆ ಅಚ್ಚಿನಲ್ಲಿ ಹಬ್ಬಿದ್ದು 19ನೇ ಶತಮಾನದಲ್ಲಿ. 1920ರಲ್ಲಿ ಎಗಾನ್ ಎರ್ವಿನ್ ಕಿಶ್ ಎಂಬ ಪತ್ರಕರ್ತ ಅಟ್ಟ ಹತ್ತಿ ನೋಡಿ ಬರೆದ, ಗೊಲೆಮ್ ಸಿಕ್ಕಲಿಲ್ಲ. ಎರಡು ಗಂಟೆಯ ನಡಿಗೆಯಲ್ಲಿ ಅರ್ಧ ಗಂಟೆ ಗೊಲೆಮ್‌ಗೆ ಮೀಸಲಿಡುವ ಮಾರ್ಗದರ್ಶಿ ಸಿಕ್ಕರೆ ನಿಮಗೆ ಸಿಗಬೇಕಾದ ಇತಿಹಾಸದಲ್ಲಿ ಕಾಲು ಪಾಲು ಹೋಯಿತೆಂದು ತಿಳಿಯಿರಿ.

ಎದುರಿಗೇ ಯಹೂದಿ ಪುರಭವನ. ಮೇಲಿನ ಗೋಪುರದಲ್ಲಿ ಸಾಧಾರಣ ಗಡಿಯಾರ, ಅದರ ಕೆಳಗೆ ಹೀಬ್ರೂ ಅಕ್ಷರಗಳ ಗಡಿಯಾರ. ಅಕ್ಷರಗಳು ಬಲದಿಂದ ಎಡಕ್ಕೆ ಓಡುವುದರಿಂದ ಮುಳ್ಳುಗಳೂ ಹಿಮ್ಮುಖವಾಗಿ ತಿರುಗುತ್ತವೆ. ಈ ಪುರಭವನವನ್ನು ಕಟ್ಟಿಸಿದವರು ಮೊರ್ದೆಖಾಯ್ ಮೈಸೆಲ್, 16ನೇ ಶತಮಾನದ ಸಾಹುಕಾರ. ಪಕ್ಕದ ಎತ್ತರದ ಸಿನಗಾಗ್‌ಗೂ ಅವರದೇ ಹಣ. ಅದು 1568ರದು, ಪ್ರವಾಸಿಗಳಿಗೆ ತೆರೆದಿಲ್ಲ. ನಮ್ಮಲ್ಲಿ ಹಲವರು ನೋಡಿರುವ ಕೊಚ್ಚಿಯ ಪರದೇಶಿ ಸಿನಗಾಗ್ ಕಟ್ಟಿದ್ದೂ ಅದೇ 1568ರಲ್ಲಿ. ಮೈಸೆಲ್ ಸಿನಗಾಗ್‌ನಲ್ಲಿ ಈಗ ಬೊಹೆಮಿಯಾದ ಯಹೂದಿಗಳ ಇತಿಹಾಸದ ಪ್ರದರ್ಶನವಿದೆ. 1744ರಲ್ಲಿ ರಾಣಿ ಮರಿಯಾ ಥೆರೇಸಾ ಪ್ರಾಗ್‌ನ ಎಲ್ಲ ಯಹೂದಿಗಳನ್ನು ಹೊರಹಾಕಿ, 1748ರಲ್ಲಿ ಮತ್ತೆ ಬರಲು ಬಿಟ್ಟ ಪ್ರಸಂಗವನ್ನು ಅಲ್ಲಿ ಓದಬಹುದು.

ಕೊನೆಯದು ಸ್ಪ್ಯಾನಿಷ್ ಸಿನಗಾಗ್, 1868ರದು. ಸ್ಪೇನ್‌ನ ಮೂರಿಷ್ ಶೈಲಿಯಿಂದ ಆ ಹೆಸರು. ಗೋಡೆ, ಛಾವಣಿ ಎಲ್ಲ ಹೊನ್ನಿನ ಬಳ್ಳಿಗೆಲಸ. ಅದಕ್ಕೂ ಮೊದಲು ಆ ಜಾಗದಲ್ಲಿದ್ದ ಇನ್ನೂ ಹಳೆಯ ಸಿನಗಾಗ್‌ನಲ್ಲಿ ಆರ್ಗನ್ ನುಡಿಸುತ್ತಿದ್ದವರು ಫ್ರಾಂತಿಶೆಕ್ ಶ್ಕ್ರೌಪ್. ಇಂದಿನ ಜೆಕ್ ರಾಷ್ಟ್ರಗೀತೆಯ ಸಂಗೀತ ಅವರದು. ಕಟ್ಟಡದ ಪಕ್ಕದಲ್ಲೇ 2003ರಲ್ಲಿ ನಿಲ್ಲಿಸಿದ, ಪ್ರಾಗ್‌ನ ಲೇಖಕ ಫ್ರಾಂಜ್ ಕಾಫ್ಕಾ ಅವರ ಪ್ರತಿಮೆ ಇದೆ, ತಲೆಯಿಲ್ಲದ ಒಂದು ಕೋಟಿನ ಹೆಗಲ ಮೇಲೆ ಕೂತ ಕಾಫ್ಕಾ.

ಈ ಎಲ್ಲ ಕಡೆ ಇಟ್ಟಿರುವ ಬೆಳ್ಳಿ, ಜರಿ, ಗ್ರಂಥಗಳ ಬಗ್ಗೆ ಒಂದು ಮಾತು ಪದೇ ಪದೇ ಕೇಳಿಬರುತ್ತದೆ: ಹಿಟ್ಲರ್ ಇಲ್ಲಿ "ಅಳಿದುಹೋದ ಜನಾಂಗದ ವಸ್ತುಸಂಗ್ರಹಾಲಯ" ಮಾಡಲು ಹೊರಟಿದ್ದನೆಂದು. ಇದಕ್ಕೆ ಯುದ್ಧಕಾಲದ ದಾಖಲೆ ಇಲ್ಲ. ವಸ್ತುಸಂಗ್ರಹಾಲಯ ಹುಟ್ಟಿದ್ದು 1906ರಲ್ಲಿ, ಕೆಡವಿದ ಸಿನಗಾಗ್‌ಗಳ ಸಾಮಾನನ್ನು ಉಳಿಸಲು. 1942ರಲ್ಲಿ ಖಾಲಿಯಾದ ಊರುಗಳ ಸಿನಗಾಗ್‌ಗಳ ಸಾಮಾನನ್ನೆಲ್ಲ ಪ್ರಾಗ್‌ಗೆ ತರಿಸಿ ಪಟ್ಟಿ ಮಾಡಿದವರು ಯಹೂದಿ ಸಿಬ್ಬಂದಿಯೇ, ಉಳಿಸಬೇಕೆಂಬ ಆಸೆಯಿಂದ. ಅವರಲ್ಲಿ ಹೆಚ್ಚಿನವರನ್ನು ಆಮೇಲೆ ಸಾಗಿಸಿ ಕೊಂದರು. ಆ ಕೆಲಸದ ಯಶಸ್ಸನ್ನು ನಾಜಿಗಳ ಲೆಕ್ಕಕ್ಕೆ ಬರೆಯುವುದು ಅನ್ಯಾಯ.

ಕೇರಿಯ ಹೊರಗೂ ಕೆಲವು ಗುರುತುಗಳಿವೆ, ಯಾರೂ ಟಿಕೆಟ್ ಕೇಳದವು. ಚಾರ್ಲ್ಸ್ ಸೇತುವೆಯಲ್ಲಿ ಹಳೆಯ ಊರಿನಿಂದ ಕೋಟೆಯ ಕಡೆ ನಡೆದರೆ ಬಲಕ್ಕೆ ಮೂರನೆಯದು ಶಿಲುಬೆ. ಅದರ ಸುತ್ತ ಹೊಂಬಣ್ಣದ ಹೀಬ್ರೂ ಅಕ್ಷರಗಳಲ್ಲಿ "ಪವಿತ್ರ, ಪವಿತ್ರ, ಪವಿತ್ರ ಸೇನಾಧೀಶ್ವರನಾದ ದೇವರು" ಎಂದಿದೆ. 1696ರಲ್ಲಿ ಒಬ್ಬ ಯಹೂದಿಯ ಮೇಲೆ ಧರ್ಮನಿಂದೆಯ ಆರೋಪ ಹೊರಿಸಿ ದಂಡ ಹಾಕಿ, ಆ ಹಣದಲ್ಲಿ ಮಾಡಿಸಿದ ಅಕ್ಷರಗಳು. ತಮ್ಮ ಪ್ರಾರ್ಥನೆಯ ಮಾತನ್ನೇ ಶಿಲುಬೆಗೆ ಕಟ್ಟಿದ್ದು ಅವಮಾನವೆಂದು ಯಹೂದಿಗಳು ಹೇಳುತ್ತ ಬಂದರು. ಹಿನ್ನೆಲೆ ತಿಳಿಸುವ ಫಲಕ ಬಂದದ್ದು 2000ದಲ್ಲಿ. ಬೀದಿಗಳಲ್ಲಿ ನೆಲ ನೋಡುತ್ತ ನಡೆದರೆ ಹತ್ತು ಸೆಂಟಿಮೀಟರ್ ಚೌಕದ ಹಿತ್ತಾಳೆಯ ಫಲಕಗಳು ಸಿಗುತ್ತವೆ, ಆ ಮನೆಯಿಂದ ಸಾಗಿಸಲ್ಪಟ್ಟವರ ಹೆಸರು, ಹುಟ್ಟು, ಸಾಗಣೆಯ ವಿವರ. ವೆನ್ಸೆಸ್ಲಾಸ್ ಚೌಕದ ಕೆಳತುದಿಯಲ್ಲಿ 2020ರಲ್ಲಿ ಹಾಸುಗಲ್ಲು ಕಿತ್ತಾಗ ಕೆಲವು ಕಲ್ಲುಗಳ ಅಡಿಯಲ್ಲಿ ಹೀಬ್ರೂ ಅಕ್ಷರ ಕಂಡವು. 1980ರ ದಶಕದಲ್ಲಿ ಗೋರಿಕಲ್ಲುಗಳನ್ನು ಕತ್ತರಿಸಿ ಹಾಸಿದ್ದರು. ಅವನ್ನು ಒಟ್ಟುಮಾಡಿ 2022ರಲ್ಲಿ ಝಿಷ್ಕೊವ್ ಬಡಾವಣೆಯ ಹಳೆಯ ಯಹೂದಿ ಸ್ಮಶಾನದಲ್ಲಿ ಒಂದು ಸ್ಮಾರಕ ಮಾಡಿದ್ದಾರೆ. ಆ ಸ್ಮಶಾನದ ಬಹುಭಾಗವನ್ನು ನುಂಗಿ ನಿಂತದ್ದು ಟಿವಿ ಗೋಪುರ. ಪ್ರಾಗ್‌ನ ಎಲ್ಲ ಕಡೆಯಿಂದಲೂ ಅದು ಕಾಣುತ್ತದೆ.

ಪ್ರಶ್ನೋತ್ತರದಿಂದ

ನಾಜಿಗಳ ಕಾಲದಲ್ಲಿ ಯುರೋಪಿನ ಯಹೂದಿಗಳು ಯಾರಾದರೂ ನಮ್ಮ ಕಡೆಗೆ ಬಂದರೇ ಎಂದು ಒಬ್ಬರು ಕೇಳಿದರು. ಬಂದರು. ಪ್ರಾಗ್‌ನಲ್ಲಿ ಓದಿದ, ಕಾರ್ಲೊವಿ ವಾರಿಯಲ್ಲಿ ಹುಟ್ಟಿದ ಯಹೂದಿ ಸಂಗೀತಗಾರ ವಾಲ್ಟರ್ ಕೌಫ್‌ಮನ್ 1934ರಲ್ಲಿ ಮುಂಬಯಿಗೆ ಬಂದು ಆಕಾಶವಾಣಿಯಲ್ಲಿ ಕೆಲಸ ಮಾಡಿದರು. ಬೆಳಿಗ್ಗೆ ರೇಡಿಯೊ ಹಾಕಿದಾಗ ಕೇಳುತ್ತಿದ್ದ ಆ ಆರಂಭದ ರಾಗ ಅವರ ರಚನೆಯೆಂದೇ ಪ್ರಸಿದ್ಧ. ಬರ್ಲಿನ್ ಮೂಲದ ಓಟೊ ಕೊನಿಗ್ಸ್‌ಬರ್ಗರ್ 1939ರಲ್ಲಿ ಮೈಸೂರು ಸಂಸ್ಥಾನದ ಮುಖ್ಯ ವಾಸ್ತುಶಿಲ್ಪಿಯಾದರು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಅವರ ಕಟ್ಟಡಗಳಿವೆ.

ಊಟದ ಬಗ್ಗೆ: ಕೋಷರ್ ಎಂದರೆ ಯಹೂದಿ ಆಹಾರ ನಿಯಮಕ್ಕೆ ಒಪ್ಪುವ ಊಟ, ಸಸ್ಯಾಹಾರ ಅಲ್ಲ. ಕೋಷರ್ ಅಡುಗೆಮನೆಯಲ್ಲಿ ಮಾಂಸ ಮತ್ತು ಹಾಲು ಎಂದೂ ಸೇರವು. "ಹಾಲಿನ" ಅಡುಗೆಮನೆ ಎಂದಿದ್ದರೆ ಅಲ್ಲಿ ಮಾಂಸ ಇರುವುದಿಲ್ಲ, ಆದರೆ ಮೀನು, ಮೊಟ್ಟೆ ಇರಬಹುದು, ಕೇಳಿ ತಿನ್ನಿ. "ಕೋಷರ್ ಶೈಲಿ" ಎಂಬ ಬೋರ್ಡಿಗೆ ಈ ನಿಯಮಗಳ ಕಟ್ಟುಪಾಡು ಇರುವುದಿಲ್ಲ.

ಕಾಫ್ಕಾ ಸಮಾಧಿ ಯೋಸೆಫೊವ್‌ನಲ್ಲಿ ಇಲ್ಲ. ಮೆಟ್ರೊ ಎ ಮಾರ್ಗದಲ್ಲಿ ಝೆಲಿವ್‌ಸ್ಕೆಹೊ ನಿಲ್ದಾಣದ ಪಕ್ಕದ ಹೊಸ ಯಹೂದಿ ಸ್ಮಶಾನಕ್ಕೆ ಹೋಗಬೇಕು. ಬಾಗಿಲಿನಿಂದ ಬಲಕ್ಕೆ ಗೋಡೆಯ ಗುಂಟ ಸೂಚನಾಫಲಕಗಳಿವೆ. ಅಪ್ಪ, ಅಮ್ಮನ ಜೊತೆ ಒಂದೇ ಗೋರಿ. ಕೊಲ್ಲಲ್ಪಟ್ಟ ಮೂವರು ತಂಗಿಯರ ಹೆಸರಿನ ಫಲಕ ಅದರ ಬುಡದಲ್ಲಿದೆ. ಶನಿವಾರ ಅದೂ ಮುಚ್ಚಿರುತ್ತದೆ, ಶುಕ್ರವಾರ ಮಧ್ಯಾಹ್ನವೇ ಬಾಗಿಲು ಹಾಕುತ್ತಾರೆ.

ತೆರೆಝೀನ್ ಅನ್ನು ಅದೇ ದಿನ ನೋಡಬಹುದೇ? ಬೇಡ. ಪ್ರಾಗ್‌ನಿಂದ ಸುಮಾರು 60 ಕಿಲೋಮೀಟರ್, ಹೊಲೆಶೊವಿತ್ಸೆ ನಿಲ್ದಾಣದಿಂದ ಬಸ್ಸಿನಲ್ಲಿ ಒಂದು ಗಂಟೆ. ಘೆಟ್ಟೊ ವಸ್ತುಸಂಗ್ರಹಾಲಯಕ್ಕೂ "ಸಣ್ಣ ಕೋಟೆ" ಎಂಬ ಹಳೆಯ ಸೆರೆಮನೆಗೂ ನಡುವೆ ಸುಮಾರು ಒಂದು ಕಿಲೋಮೀಟರ್ ನಡಿಗೆ, ಎರಡಕ್ಕೂ ಸೇರಿ ಅರ್ಧ ದಿನಕ್ಕಿಂತ ಹೆಚ್ಚು ಬೇಕು. ಅಲ್ಲಿ ಸ್ಮಾರಕ ನಡೆಸುವುದು ಸರ್ಕಾರ, ಆದ್ದರಿಂದ ಶನಿವಾರವೂ ತೆರೆದಿರುತ್ತದೆ. ಶವದಹನಾಗಾರ ಮಾತ್ರ ಅಂದು ಮುಚ್ಚಿರುತ್ತದೆ. ನಿಮ್ಮ ಪ್ರಾಗ್ ದಿನ ಶನಿವಾರಕ್ಕೆ ಬಿದ್ದು ಬದಲಿಸಲು ಆಗದಿದ್ದರೆ ಯೋಸೆಫೊವ್ ಅನ್ನು ಭಾನುವಾರ ಬೆಳಿಗ್ಗೆಗೆ ಇಟ್ಟು, ಶನಿವಾರ ತೆರೆಝೀನ್‌ಗೆ ಹೋಗಿಬನ್ನಿ. ಹಿಂತಿರುಗುವ ಬಸ್ಸಿನ ಸಮಯವನ್ನು ಇಳಿದ ಕೂಡಲೇ ನೋಡಿಟ್ಟುಕೊಳ್ಳಿ, ವಾರಾಂತ್ಯದಲ್ಲಿ ಬಸ್ಸು ಕಡಿಮೆ.